ಮಿಲ್ಲಿನ ಊರುಗಳನ್ನು ಕಾಣಿಸುವ ಗೈಡ್‌ಬುಕ್ ಯಾವುದಿದೆ?

ಜಾಬರ್ ಮಗಳು, ದಾವಣಗೆರೆ

ಎಲ್ಲರಿಗೂ ನಮಸ್ಕಾರ. ಮಗಳು ಬೆಲ್ಜಿಯಂನ ಗೆಂಟ್ ಊರಿನಲ್ಲಿ ಓದುತ್ತಿದ್ದಾಳೆ. ಆಗಸ್ಟ್ ಕೊನೇ ವಾರ ನಾನೂ ನಮ್ಮ ಯಜಮಾನರೂ ಹೊರಟು, ಏಳು ವಾರ ಅವಳ ಜೊತೆ ಇದ್ದು ಬರುವವರಿದ್ದೇವೆ. ವೀಸಾ ಕೈಗೆ ಬಂದಿದೆ, ಟಿಕೆಟ್ ಆಗಿದೆ. ಈಗ ಒಂದು ಒಳ್ಳೆಯ ಗೈಡ್‌ಬುಕ್ ಬೇಕು.

ನನಗೆ ಎಂಥದ್ದು ಬೇಕು ಅನ್ನುವುದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ. ನಮ್ಮಪ್ಪ ಇಲ್ಲಿನ ಕಾಟನ್ ಮಿಲ್ಲೊಂದರಲ್ಲಿ ಸ್ಪಿನ್ನಿಂಗ್ ಖಾತೆಯ ಜಾಬರ್, ಅಂದರೆ ಕೆಲಸಗಾರರ ಮೇಸ್ತ್ರಿ, ಆಗಿದ್ದರು. ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಅನ್ನುತ್ತಿದ್ದ ಕಾಲ ಅದು. ಶಿಫ್ಟ್ ಬಿಟ್ಟ ಸೈರನ್ ಕೇಳಿದ ಮೇಲೇ ಅವ್ವ ರೊಟ್ಟಿಗೆ ಹಂಚಿಡುತ್ತಿದ್ದಳು. ಅಪ್ಪ ಬಾಗಿಲಿಗೆ ಬರುವಾಗ ಹುಬ್ಬಿನ ಮೇಲೆಲ್ಲ ಹತ್ತಿಯ ಎಳೆ. ನೂಲುವ ರಿಂಗ್ ಫ್ರೇಮ್ ಯಂತ್ರಗಳ ಸದ್ದಿನಲ್ಲಿ ಕಿವಿ ಮಂದವಾಗಿ, ಮನೆಯಲ್ಲೂ ಕೂಗಿಯೇ ಮಾತಾಡುತ್ತಿದ್ದರು. ಅದನ್ನು ಸಿಟ್ಟು ಅಂತ ತಿಳಿದು ಚಿಕ್ಕವಳಿದ್ದಾಗ ನಾನು ಹೆದರುತ್ತಿದ್ದೆ. ಮಿಲ್ ಮುಚ್ಚಿದಾಗ ನಾನು ಬಿ.ಎಡ್. ಓದುತ್ತಿದ್ದೆ. ಬರಬೇಕಾದ ದುಡ್ಡು ಪೂರ್ತಿ ಕೈಗೆ ಬರಲೇ ಇಲ್ಲ. ಅಪ್ಪನ ಹತ್ತಿರ ಉಳಿದದ್ದು ನೂಲು ಸುತ್ತುವ ಮರದ ಒಂದು ಬಾಬಿನ್. ಅದೀಗ ನನ್ನ ಬೀರುವಿನಲ್ಲಿದೆ.

ಗೆಂಟ್ ಕೂಡ ಹತ್ತಿ ಮಿಲ್ಲುಗಳ ಊರು, ಅಲ್ಲೂ ಮಿಲ್ಲುಗಳು ಮುಚ್ಚಿಹೋದವು ಅಂತ ಮಗಳು ಫೋನಿನಲ್ಲಿ ಹೇಳಿದಳು. ಅವತ್ತಿನಿಂದ ನನಗೆ ಈ ಪ್ರಯಾಣದ ಅರ್ಥವೇ ಬೇರೆಯಾಗಿದೆ. ಮೂವತ್ತೊಂದು ವರ್ಷ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಪಾಠ ಮಾಡಿದ್ದೇನೆ. ಕೈಗಾರಿಕಾ ಕ್ರಾಂತಿಯ ಪಾಠ ಮಾಡುವಾಗೆಲ್ಲ ಬೋರ್ಡಿನ ಮೇಲೆ ಬರೆದದ್ದು ಇಂಗ್ಲೆಂಡಿನ ಹೆಸರುಗಳು, ಕಣ್ಣ ಮುಂದೆ ಇದ್ದದ್ದು ನಮ್ಮಪ್ಪ.

ಹೋದ ತಿಂಗಳು ಬೆಂಗಳೂರಿಗೆ ಹೋದಾಗ ದೊಡ್ಡ ಪುಸ್ತಕದಂಗಡಿಯಲ್ಲಿ ಇಡೀ ಯುರೋಪಿನ ದಪ್ಪ ಕೈಪಿಡಿಯೊಂದನ್ನು ತೆಗೆದು ನೋಡಿದೆ. ಗೆಂಟ್‌ಗೆ ಎರಡೂವರೆ ಪುಟ. ಒಂದು ಚರ್ಚು, ಒಂದು ಕೋಟೆ, ನಾಲ್ಕಾರು ಹೋಟೆಲು, ಅರ್ಧ ದಿನ ಸಾಕು ಅನ್ನುವ ಒಂದು ವಾಕ್ಯ. ನಾನು ಏಳು ವಾರ ಇರುವ ಊರು! ಪುಸ್ತಕ ವಾಪಸ್ ಇಟ್ಟು ಬಂದೆ.

ಹಾಗಾಗಿ ತಿಳಿದವರು ಹೇಳಿ. ಇಡೀ ದೇಶದ ಪುಸ್ತಕ ತಗೊಳ್ಳಬೇಕೋ, ಆ ಸೀಮೆಯದ್ದೇ ಪ್ರತ್ಯೇಕವಾಗಿ ಸಿಗುತ್ತದೋ? ಚರ್ಚು, ಅರಮನೆಗಳ ಜೊತೆಗೆ ಅಲ್ಲಿನ ಜನ ಏನು ದುಡಿದು ಬದುಕಿದರು, ಏನು ಹಾಡಿದರು, ಯಾವುದಕ್ಕೆ ಜಗಳ ಆಡಿದರು ಅನ್ನುವುದನ್ನೂ ಬರೆಯುವ ಮಾಲಿಕೆ ಯಾವುದು? ಗಡಿ ದಾಟಿದರೆ ಫ್ರಾನ್ಸಿನ ಲೀಲ್, ರೂಬೇ ಊರುಗಳೂ ಬಟ್ಟೆಯ ಊರುಗಳೇ ಅಂತೆ, ಅವೂ ಒಂದೇ ಪುಸ್ತಕದಲ್ಲಿ ಬರುತ್ತವೆಯೇ? ನಾವು ಶುದ್ಧ ಸಸ್ಯಾಹಾರಿಗಳು, ಮೊಟ್ಟೆಯೂ ಇಲ್ಲ. ಅದರ ಬಗ್ಗೆಯೂ ತಿಳಿದಿದ್ದರೆ ಹೇಳಿ.

ಕೋಟೆ ಬೆಟ್ಟದವನು, ಚಿತ್ರದುರ್ಗ

ಮೇಡಂ, ಗೆಂಟ್ ನಾನು ನೋಡಿಲ್ಲ. ಆದರೆ ಗೈಡ್‌ಬುಕ್ ಹಿಡಿದು ಬರುವವರನ್ನು ಬೇಕಾದಷ್ಟು ನೋಡಿದ್ದೇನೆ. ಭಾನುವಾರ ಬೆಳಿಗ್ಗೆ ಕೋಟೆ ಹತ್ತೋದು ನನಗೆ ಹದಿನೆಂಟು ವರ್ಷದ ರೂಢಿ. ಬಂದವರು ಕೇಳಿದರೆ ಜೊತೆಗೆ ಹೋಗಿ ತೋರಿಸ್ತೀನಿ, ದುಡ್ಡು ತಗೊಳಲ್ಲ.

ಪುಸ್ತಕ ಆರಿಸೋಕೆ ನನ್ನದೊಂದು ದಾರಿ ಇದೆ. ಯಾವ ಪ್ರಕಾಶಕರ ಬೆಲ್ಜಿಯಂ ಪುಸ್ತಕ ಕೊಳ್ಳಬೇಕು ಅಂತಿದ್ದೀರೋ, ಅದೇ ಪ್ರಕಾಶಕರ ದಕ್ಷಿಣ ಭಾರತದ ಪುಸ್ತಕ ಎಲ್ಲಾದರೂ ಸಿಗುತ್ತಾ ನೋಡಿ. ಅದರಲ್ಲಿ ನಮ್ಮ ದುರ್ಗದ ಪುಟ, ನಿಮ್ಮ ದಾವಣಗೆರೆ ಪುಟ ತೆಗೆದು ಓದಿ. ನಮ್ಮೂರು ನಮಗೆ ಗೊತ್ತು. ಅದರ ಬಗ್ಗೆ ಅವರು ಎಷ್ಟು ನಿಜ ಬರೆದಿದ್ದಾರೆ, ಯಾರನ್ನು ಕೇಳಿ ಬರೆದಿದ್ದಾರೆ ಅನ್ನೋದು ಎರಡು ಪ್ಯಾರಾ ಓದಿದರೆ ಗೊತ್ತಾಗಿಬಿಡುತ್ತೆ. ನಮ್ಮೂರ ವಿಷಯದಲ್ಲಿ ಮೇಲೆ ಮೇಲೆ ಬರೆದವರು ಗೆಂಟ್ ವಿಷಯದಲ್ಲೂ ಹಾಗೇ ಬರೆದಿರ್ತಾರೆ.

ನಾನು ನೋಡೋದು ಏನು ಗೊತ್ತಾ? ಓಬವ್ವನ ಕಿಂಡಿ ಇಲ್ಲದ ಪುಸ್ತಕ ಇಲ್ಲ, ಇರಲೇಬೇಕು. ನಾನು ಹುಡುಕೋದು ನೀರಿನ ಸಂಗತಿ. ಏಳು ಸುತ್ತಿನ ಕೋಟೆ, ಇಷ್ಟೊಂದು ಜನ, ದನ, ಕುದುರೆ, ಬರೀ ಬಂಡೆಯ ಮೇಲೆ. ಕುಡಿಯೋಕೆ ಏನು ಮಾಡಿದರು? ಗೋಪಾಲಸ್ವಾಮಿ ಹೊಂಡ ತುಂಬಿ ಕೋಡಿ ಬಿದ್ದರೆ ನೀರು ಅಕ್ಕ ತಂಗಿ ಹೊಂಡಕ್ಕೆ, ಅಲ್ಲಿಂದ ಇಳಿದು ಕೆಳಗೆ ಊರಿನ ಸಂತೆ ಹೊಂಡದವರೆಗೆ. ಇದನ್ನು ಬರೆದವನು ಬೆಟ್ಟ ಹತ್ತಿದ್ದಾನೆ, ಬರೆಯದವನು ಫೋಟೋ ನೋಡಿ ಬರೆದಿದ್ದಾನೆ ಅಂತ ನನ್ನ ಲೆಕ್ಕ.

ಇನ್ನೊಂದು ವಿಷಯ, ಮೇಷ್ಟ್ರು ಆಗಿದ್ದವರಿಗೆ ಇಷ್ಟ ಆಗಬಹುದು ಅಂತ ಹೇಳ್ತಿದ್ದೀನಿ. ಹೈದರ್ ಅಲಿ ದುರ್ಗ ಹಿಡಿದದ್ದು 1779. ಇಂಗ್ಲೆಂಡಿನಲ್ಲಿ ಸ್ಯಾಮ್ಯುಯೆಲ್ ಕ್ರಾಂಪ್ಟನ್ ನೂಲುವ ಮ್ಯೂಲ್ ಯಂತ್ರ ಮಾಡಿದ್ದೂ 1779. ನಮ್ಮ ಮದಕರಿ ನಾಯಕರು ಸೋತ ವರ್ಷವೇ ನಿಮ್ಮ ತಂದೆಯವರ ಕಸುಬಿನ ಬೇರು ಅಲ್ಲೆಲ್ಲೋ ಮೊಳೆತಿತ್ತು.

ಹೊಳೆದಂಡೆ, ಹರಿಹರ

ಅಕ್ಕಾ, ನಾನು ಆರು ವರ್ಷ ಬೆಲ್ಜಿಯಂನದ್ದೇ ಲ್ಯೂವೆನ್ ಊರಿನಲ್ಲಿದ್ದೆ, ಗೆಂಟ್‌ಗೆ ಲೆಕ್ಕವಿಲ್ಲದಷ್ಟು ಸಲ ಹೋಗಿದ್ದೇನೆ. ನೀವು ಕೇಳಿದ ಪ್ರಶ್ನೆ ನೋಡಿ ಖುಷಿಯಾಯಿತು, ಯಾಕೆಂದರೆ ನಮ್ಮ ಕಡೆಯಿಂದ ಬಂದವರೆಲ್ಲ ಬ್ರೂಗ್‌ನಲ್ಲಿ ದೋಣಿ ಹತ್ತಿ, ಚಾಕಲೇಟ್ ಕೊಂಡು ಹೊರಟುಬಿಡುತ್ತಾರೆ. ಉದ್ದ ಬರೆಯುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ಮೊದಲು ಪುಸ್ತಕ. ಇಡೀ ಯುರೋಪಿನದ್ದು ಬೇಡವೇ ಬೇಡ. ದೇಶದ್ದೂ ನಿಮಗೆ ಎರಡನೇ ಆಯ್ಕೆ. ಬ್ರಾಡ್ಟ್ ಪ್ರಕಾಶನದವರದ್ದು ಫ್ಲಾಂಡರ್ಸ್, ಅಂದರೆ ಬೆಲ್ಜಿಯಂನ ಉತ್ತರದ ಸೀಮೆ, ಅದೊಂದಕ್ಕೇ ಮೀಸಲಾದ ಪುಸ್ತಕವಿದೆ, ಮೊದಲು ಅದನ್ನು ಹುಡುಕಿ. ಗೆಂಟ್, ಬ್ರೂಗ್, ಆಂಟ್‌ವರ್ಪ್, ಕೋರ್ಟ್ರೈಕ್ ಎಲ್ಲ ಆ ಸೀಮೆಯವೇ. ರಫ್ ಗೈಡ್ ಮಾಲಿಕೆಯ ಬೆಲ್ಜಿಯಂ ಪುಸ್ತಕವೂ ನಡೆಯುತ್ತದೆ. 1982ರಲ್ಲಿ ಗ್ರೀಸ್ ಪುಸ್ತಕದಿಂದ ಶುರುವಾದ ಮಾಲಿಕೆ ಅದು. ಅದರ ಕೊನೆಯಲ್ಲಿ ಚರಿತ್ರೆ, ಕಲೆ, ಮುಂದೆ ಓದಬಹುದಾದ ಪುಸ್ತಕಗಳು ಅಂತ ಒಂದು ದೊಡ್ಡ ಭಾಗ ಇರುತ್ತದೆ. ನನ್ನ ಮಟ್ಟಿಗೆ ಇಡೀ ಪುಸ್ತಕದ ಬೆಲೆ ಆ ಹಿಂದಿನ ಪುಟಗಳದ್ದೇ. ಹೋಟೆಲಿನ ಪುಟಗಳು ಎರಡು ವರ್ಷಕ್ಕೆ ಹಳಸುತ್ತವೆ, ಅವು ಹಳಸುವುದಿಲ್ಲ.

ಚಿತ್ರಕಲೆ, ಕಟ್ಟಡಗಳ ಬಗ್ಗೆ ಆಳವಾಗಿ ಬೇಕಿದ್ದರೆ ಬ್ಲೂ ಗೈಡ್ ಅನ್ನುವ ಮಾಲಿಕೆ. ಬೆಲ್ಜಿಯಂನದ್ದು ಸೆಕೆಂಡ್ ಹ್ಯಾಂಡ್‌ನಲ್ಲೇ ಹುಡುಕಬೇಕು. ಗೆಂಟ್‌ನ ಸೇಂಟ್ ಬಾವೋ ಕೆಥೆಡ್ರಲ್‌ನಲ್ಲಿ ವಾನ್ ಐಕ್ ಸಹೋದರರು 1432ರಲ್ಲಿ ಮುಗಿಸಿದ, ಹಲಗೆಗಳ ಮೇಲೆ ಬರೆದ ಮಡಚುವ ಪೂಜಾಪೀಠದ ಚಿತ್ರ ಇದೆ. ಅದರ ಒಂದು ಹಲಗೆ 1934ರಲ್ಲಿ ಕಳುವಾದದ್ದು ಇವತ್ತಿಗೂ ಸಿಕ್ಕಿಲ್ಲ. ಅದರ ಮುಂದೆ ನಿಂತಾಗ ಯಾವ ಹಲಗೆಯಲ್ಲಿ ಯಾರು ಯಾರು ಇದ್ದಾರೆ ಅಂತ ಗೊತ್ತಿರಬೇಕು. ಹಿಂದಿನ ರಾತ್ರಿ ಓದಿಕೊಂಡೇ ಹೋಗಿ.

ಲೀಲ್, ರೂಬೇಗೆ ಮಿಶೆಲಿನ್‌ನ ಹಸಿರು ಪುಸ್ತಕ. ಟೈರ್ ಕಂಪನಿಯವರು ಕಾರಿನವರಿಗಾಗಿ 1900ರಲ್ಲಿ ಹಂಚಿದ್ದು ಕೆಂಪು ಪುಸ್ತಕ, ಅದು ಈಗ ಊಟದ ಹೋಟೆಲುಗಳದ್ದು, ನಿಮಗೆ ಬೇಕಿಲ್ಲ. ಹಸಿರಿನದ್ದು ಒಂದೊಂದು ಸೀಮೆಗೆ ಒಂದೊಂದು, 1926ರಲ್ಲಿ ಫ್ರಾನ್ಸಿನ ಬ್ರಿಟನಿ ಸೀಮೆಯಿಂದ ಶುರು ಮಾಡಿದರು. ನೆಲ, ಕಸುಬು, ಮನೆ ಕಟ್ಟುವ ರೀತಿ, ಹಬ್ಬ ಎಲ್ಲ ಮುಂದೆ ಹೇಳಿ ಆಮೇಲೆ ಊರುಗಳಿಗೆ ಬರುತ್ತಾರೆ. ಮೂರು ನಕ್ಷತ್ರ ಅಂದರೆ ಅದಕ್ಕಾಗಿಯೇ ಹೊರಟು ಬರಬೇಕು, ಎರಡು ಅಂದರೆ ದಾರಿ ಬಳಸಿಯಾದರೂ ನೋಡಬೇಕು ಅಂತ. ಉತ್ತರ ಫ್ರಾನ್ಸಿನದ್ದು ಫ್ರೆಂಚಿನಲ್ಲಿ ಸುಲಭವಾಗಿ ಸಿಗುತ್ತದೆ. ಫೋನಿನ ಕ್ಯಾಮೆರಾ ಹಿಡಿದರೆ ಅರ್ಥವಾಗುವಷ್ಟು ಅನುವಾದ ಆಗುತ್ತದೆ, ಮಗಳು ಮಾಡಿಕೊಡುತ್ತಾಳೆ.

ಈಗ ನಿಮ್ಮ ಮಿಲ್ಲಿಗೆ ಬರುತ್ತೇನೆ. ಗೆಂಟ್‌ನ ಕೈಗಾರಿಕಾ ಮ್ಯೂಸಿಯಂ ಇರುವುದೇ ಹಳೆಯ ಹತ್ತಿ ಮಿಲ್ಲಿನ ಕಟ್ಟಡದಲ್ಲಿ. ಲೀವೆನ್ ಬೌವೆನ್ಸ್ ಅಂತ ಗೆಂಟ್‌ನ ಒಬ್ಬ ಚರ್ಮ ಹದ ಮಾಡುವವರ ಮನೆಯ ಮಗ, ಮೇಲೆ ದುರ್ಗದವರು ಹೇಳಿದ ಅದೇ ಮ್ಯೂಲ್ ಯಂತ್ರವನ್ನು 1798ರ ಸುಮಾರಿಗೆ ಇಂಗ್ಲೆಂಡಿನಿಂದ ಕದ್ದು ತಂದ. ಯಂತ್ರ ಹೊರದೇಶಕ್ಕೆ ಒಯ್ಯುವುದಕ್ಕೆ ಅಲ್ಲಿ ಕಾನೂನಿನ ತಡೆ ಇತ್ತು, ಆ ತಡೆ ಪೂರ್ತಿ ಹೋದದ್ದು 1843ರಲ್ಲಿ. ಇವನು ಬಿಡಿ ಭಾಗ ಮಾಡಿ, ಬೇರೆ ಸರಕಿನ ನಡುವೆ ಅಡಗಿಸಿ ಸಾಗಿಸಿದ. ಗೆಂಟ್‌ನಲ್ಲಿ ಮಠದ ಕಟ್ಟಡವೊಂದರಲ್ಲಿ ಮಿಲ್ ಹಾಕಿದ, ಊರಿನ ಮೇಯರ್ ಕೂಡ ಆದ. ನೆಪೋಲಿಯನ್ ಬಿದ್ದ ಕಾಲಕ್ಕೆ ಎಲ್ಲ ಕಳಕೊಂಡು 1822ರಲ್ಲಿ ಪ್ಯಾರಿಸ್‌ನಲ್ಲಿ ಸತ್ತ. ಅವನ ಪ್ರತಿಮೆ ಊರ ನಡುವೆಯೇ ಇದೆ. ಮ್ಯೂಸಿಯಂನಲ್ಲಿ ಹಳೆಯ ಮ್ಯೂಲ್ ಜೆನ್ನಿ ಇದೆ, ಹತ್ತಿ ವಿಭಾಗದ ಯಂತ್ರಗಳನ್ನು ಆಗಾಗ ನಡೆಸಿಯೂ ತೋರಿಸುತ್ತಾರೆ. ಮೇಲಿನ ಮಹಡಿಯ ಕಿಟಕಿಯಿಂದ ಊರಿನ ಗೋಪುರಗಳು ಸಾಲಾಗಿ ಕಾಣುತ್ತವೆ.

ಊರಿನ ಗಂಟೆ ಗೋಪುರದ ಬುಡದಲ್ಲೇ ಬಟ್ಟೆ ವ್ಯಾಪಾರದ ಹಳೇ ಭವನ ಇದೆ, 15ನೇ ಶತಮಾನದ್ದು. ಶುಕ್ರವಾರ ಸಂತೆಯ ಚೌಕದಲ್ಲಿ ಯಾಕೋಬ್ ವಾನ್ ಆರ್ಟೆವೆಲ್ಡ್ ಅನ್ನುವವನ ಪ್ರತಿಮೆ, ಕೈ ಇಂಗ್ಲೆಂಡಿನ ಕಡೆ ಚಾಚಿದೆ. 14ನೇ ಶತಮಾನದಲ್ಲಿ ಇಂಗ್ಲೆಂಡಿನ ಉಣ್ಣೆ ನಿಂತು ನೇಕಾರರ ಹೊಟ್ಟೆಗೆ ಕುತ್ತು ಬಂದಾಗ ಮುಂದಾಳಾಗಿ ನಿಂತವನು. ನೀವು ಜಗಳದ ವಿಷಯ ಕೇಳಿದ್ದಿರಿ, ಆ ಚೌಕದಲ್ಲಿ ಒಂದು ಸಂಜೆ ಕೂತುಕೊಳ್ಳಿ. ಅಲ್ಲಿಂದ ನಡೆದು ಹೋಗಬಹುದಾದಷ್ಟು ದೂರದಲ್ಲಿ 'ವೋರೌಟ್' ಅನ್ನುವ ದೊಡ್ಡ ಕಟ್ಟಡ, 1911ರಿಂದ 1914ರ ನಡುವೆ ಕಾರ್ಮಿಕರ ಸಹಕಾರ ಸಂಘದವರು ಕಟ್ಟಿಸಿದ್ದು. ಹೆಸರಿನ ಅರ್ಥ 'ಮುಂದಕ್ಕೆ'. ಅಗ್ಗದ ರೊಟ್ಟಿ ಬೇಯಿಸುವ ಬೇಕರಿಯಿಂದ ಬೆಳೆದ ಸಂಘ, ಕೂಲಿಯವರಿಗೆ ನಾಟಕ, ಸಂಗೀತ, ಓದು ಬೇಕು ಅಂತ ಅಷ್ಟು ದೊಡ್ಡದು ಕಟ್ಟಿದರು. ಒಳಗೆ ಹೋಗಿ ಕಾಫಿ ಕುಡಿಯಿರಿ.

ಗೆಂಟ್‌ನಿಂದ ರೈಲು ಹತ್ತಿ ಕೋರ್ಟ್ರೈಕ್‌ನಲ್ಲಿ ಇಳಿದರೆ ಅಗಸೆ ನಾರಿನ ಮ್ಯೂಸಿಯಂ ಇದೆ, 'ಟೆಕ್ಸ್ಚರ್' ಅಂತ. ಲೇಯೆ ನದಿಯಲ್ಲಿ ಅಗಸೆ ಗಿಡದ ಕಂತೆ ಮುಳುಗಿಸಿ ನಾರು ಬಿಡಿಸುತ್ತಿದ್ದರು, ನಮ್ಮಲ್ಲಿ ಪುಂಡಿ ನಾರಿಗೆ ಕೆರೆಯಲ್ಲಿ ಕೊಳೆ ಹಾಕುವ ಹಾಗೇ. ಅದೇ ರೈಲು ಮುಂದೆ ರೂಬೇ ಮೇಲೆ ಲೀಲ್‌ಗೆ ಹೋಗುತ್ತದೆ. ರೂಬೇಯ 'ಲಾ ಪಿಸೀನ್' ಮ್ಯೂಸಿಯಂ ಮೊದಲು ಈಜುಕೊಳ, 1932ರಲ್ಲಿ ತೆರೆದದ್ದು. ಮನೆಯಲ್ಲಿ ಬಚ್ಚಲಿಲ್ಲದ ಮಿಲ್ಲಿನವರು ಮೈ ತೊಳೆಯಲು ಬರುತ್ತಿದ್ದ ಜಾಗ. 1985ರಲ್ಲಿ ಮುಚ್ಚಿ, 2001ರಲ್ಲಿ ಮ್ಯೂಸಿಯಂ ಆಯಿತು. ನೀರಿನ ಎರಡೂ ದಡದಲ್ಲಿ ಶಿಲ್ಪಗಳು, ಒಳಗೆ ಊರಿನ ಮಿಲ್ಲುಗಳ ಬಟ್ಟೆ ಮಾದರಿಗಳ ದೊಡ್ಡ ಸಂಗ್ರಹ. ಸೋಮವಾರ ರಜೆ.

ನಿಮ್ಮ ತಾರೀಕು ಚೆನ್ನಾಗಿ ಕೂಡಿ ಬಂದಿದೆ. ಸೆಪ್ಟೆಂಬರ್ ಎರಡನೇ ಭಾನುವಾರ ಫ್ಲಾಂಡರ್ಸ್‌ನಲ್ಲಿ ತೆರೆದ ಸ್ಮಾರಕಗಳ ದಿನ, ಮೂರನೇ ವಾರಾಂತ್ಯ ಫ್ರಾನ್ಸಿನಲ್ಲಿ ಪರಂಪರೆಯ ದಿನಗಳು. ಬೇರೆ ದಿನ ಬೀಗ ಹಾಕಿರುವ ಎಷ್ಟೋ ಕಟ್ಟಡಗಳನ್ನು ಅವತ್ತು ತೆರೆಯುತ್ತಾರೆ.

ಊಟದ ಬಗ್ಗೆ ಒಂದೇ ಎಚ್ಚರಿಕೆ. ಅಲ್ಲಿನ ಆಲೂಗಡ್ಡೆ ಫ್ರೈಸ್ ನೋಡಲು ಸಸ್ಯಾಹಾರ, ಆದರೆ ಹಳೇ ಪದ್ಧತಿಯ ಅಂಗಡಿಗಳಲ್ಲಿ ದನದ ಕೊಬ್ಬಿನಲ್ಲಿ ಕರಿಯುತ್ತಾರೆ. ಯಾವ ಎಣ್ಣೆ ಅಂತ ಕೇಳದೆ ತಿನ್ನಬೇಡಿ. ಒಳ್ಳೆಯ ಸುದ್ದಿ ಅಂದರೆ 2009ರಿಂದ ಗೆಂಟ್ ಗುರುವಾರವನ್ನು ಸಸ್ಯಾಹಾರದ ದಿನ ಅಂತ ಆಚರಿಸುತ್ತಿದೆ. ಸಸ್ಯಾಹಾರಿ ಹೋಟೆಲುಗಳು ಆ ಊರಿನಲ್ಲಿ ಸುಲಭವಾಗಿ ಸಿಗುತ್ತವೆ. ಮೊಟ್ಟೆ ಬೇಡ ಅನ್ನುವುದನ್ನು ಮಾತ್ರ ಪ್ರತಿ ಸಲ ಬಿಡಿಸಿ ಹೇಳಬೇಕು.

ಜಾಬರ್ ಮಗಳು, ದಾವಣಗೆರೆ

ತಮ್ಮಾ, ಇಷ್ಟೊಂದು ಬರೆದಿದ್ದೀರಿ, ಪ್ರಿಂಟ್ ತೆಗೆಸಿ ಯಜಮಾನರಿಗೆ ಓದಿ ಹೇಳಿದೆ. ಫ್ರೈಸ್ ವಿಷಯ ಹೇಳದಿದ್ದರೆ ನಾವು ಮೊದಲ ದಿನವೇ ತಿಂದುಬಿಡುತ್ತಿದ್ದೆವು. ರೊಟ್ಟಿ ಬೇಯಿಸಿದ ಸಂಘ ನಾಟಕದ ಮನೆ ಕಟ್ಟಿತು ಅನ್ನುವುದನ್ನು ಎರಡು ಸಲ ಓದಿದೆ. ಅಪ್ಪನ ಹೆಗಲ ಮೇಲೆ ಕೂತು ಕೆಂಬಾವುಟದ ಸಭೆಗಳಿಗೆ ಹೋದ ನೆನಪು ನನಗಿದೆ. ಭಾಷಣ ಮುಗಿದ ಮೇಲೆ ಮಂಡಕ್ಕಿ, ಮೆಣಸಿನಕಾಯಿ ಕೊಡಿಸುತ್ತಿದ್ದರು.

ದುರ್ಗದವರೇ, ನೀವು ಹೇಳಿದಂತೆ ಮಾಡಿದೆ. ಸಹೋದ್ಯೋಗಿಯೊಬ್ಬರ ಮನೆಯಲ್ಲಿ ದಕ್ಷಿಣ ಭಾರತದ ಗೈಡ್‌ಬುಕ್ಕೊಂದು ಇತ್ತು. ದಾವಣಗೆರೆಯಲ್ಲಿ ರೈಲು ಬದಲಿಸಬಹುದು ಅಂತ ಇದೆ, ಅಷ್ಟೇ. ಬೆಣ್ಣೆ ದೋಸೆಯೂ ಇಲ್ಲ, ಮಿಲ್ಲೂ ಇಲ್ಲ. ಆ ಮಾಲಿಕೆಯ ಬೆಲ್ಜಿಯಂ ಪುಸ್ತಕವನ್ನು ಪಟ್ಟಿಯಿಂದ ತೆಗೆದೆ. ಓದುತ್ತಾ ಮನಸ್ಸಿಗೆ ನೋವಾಯಿತು, ಮುಚ್ಚಿಡುವುದಿಲ್ಲ. ಸಾವಿರಾರು ಜನ ಮೂರು ಪಾಳಿಯಲ್ಲಿ ದುಡಿದ ಊರಿಗೆ ಒಂದು ವಾಕ್ಯ.

ಹಳೇ ಪುಸ್ತಕ ಪ್ರೇಮಿ, ದಾವಣಗೆರೆ

ಅಮ್ಮಾ, ಹೊಸ ಪುಸ್ತಕದ ಜೊತೆ ಹಳೆಯದೊಂದನ್ನೂ ಓದಿ ಅಂತ ನನ್ನ ವಿನಂತಿ. ಕಾರ್ಲ್ ಬೇಡೆಕರ್ ಹೆಸರು ಕೇಳಿರಬಹುದು. ಜರ್ಮನಿಯ ಕೋಬ್ಲೆಂಜ್‌ನಲ್ಲಿ 1827ರಲ್ಲಿ ಅಂಗಡಿ ತೆರೆದವರು. ಕೆಂಪು ರಟ್ಟಿನ ಪುಟ್ಟ ಕೈಪಿಡಿಗಳು, ಒಂದು ಕಾಲಕ್ಕೆ ಆ ಹೆಸರೇ ಗೈಡ್‌ಬುಕ್ ಅನ್ನುವುದಕ್ಕೆ ಬದಲಿ ಪದವಾಗಿತ್ತು. ಮೇಲೆ ಹೇಳಿದ ಬ್ಲೂ ಗೈಡ್ ಶುರುಮಾಡಿದ ಮ್ಯೂರ್‌ಹೆಡ್ ಸಹೋದರರು ಬೇಡೆಕರ್ ಇಂಗ್ಲಿಷ್ ಪುಸ್ತಕಗಳ ಸಂಪಾದಕರೇ. ಮೊದಲ ಮಹಾಯುದ್ಧದಲ್ಲಿ ಆ ಕೆಲಸ ನಿಂತಿತು, 1918ರಲ್ಲಿ ಲಂಡನ್ ಪುಸ್ತಕದಿಂದ ತಮ್ಮದೇ ಮಾಲಿಕೆ ಆರಂಭಿಸಿದರು.

ಬೆಲ್ಜಿಯಂ ಮತ್ತು ಹಾಲೆಂಡಿನ ಹಳೇ ಬೇಡೆಕರ್‌ಗಳು ಇಂಟರ್ನೆಟ್ ಆರ್ಕೈವ್‌ನಲ್ಲಿ ಪುಕ್ಕಟೆ ಸಿಗುತ್ತವೆ, ಫೋನಿಗೆ ಇಳಿಸಿಕೊಳ್ಳಬಹುದು. ಅದರಲ್ಲಿ ಪ್ರತಿ ಊರಿಗೂ ಮೊದಲು ಜನಸಂಖ್ಯೆ, ಆ ಊರು ಏನು ತಯಾರಿಸುತ್ತದೆ, ರೈಲು ಎಲ್ಲಿಂದ ಎಲ್ಲಿಗೆ. ಮಿಲ್ಲುಗಳು ಹೊಗೆ ಬಿಡುತ್ತಿದ್ದಾಗಲೇ ಬರೆದ ಪುಸ್ತಕ ಅದು. ನಕ್ಷೆಗಳಂತೂ ಕಣ್ಣಿಗೆ ಒತ್ತಿಕೊಳ್ಳುವ ಹಾಗಿವೆ. ಹಳೇ ನಕ್ಷೆಯಲ್ಲಿರುವ ಬೀದಿಯಲ್ಲಿ ಇವತ್ತು ನಡೆದರೆ ಏನು ಹೋಯಿತು, ಏನು ಉಳಿಯಿತು ಅನ್ನುವುದು ನಿಮಗೇ ಕಾಣುತ್ತದೆ. ಆದರೆ ಬರೆದವರು ಉಳ್ಳವರ ಕಣ್ಣಿನಿಂದ ನೋಡಿದ್ದಾರೆ, ಕೂಲಿಯವರ ಕೇರಿಗೆ ಅವರು ಕಾಲಿಟ್ಟಿಲ್ಲ. ಅದು ಗಮನದಲ್ಲಿರಲಿ.

ಭಾರ ಹೊರಬೇಡಿ. ಹೊಸ ಪುಸ್ತಕದಲ್ಲಿ ಬೇಕಾದ ಅಧ್ಯಾಯ ಜೆರಾಕ್ಸ್ ಮಾಡಿಸಿ ದಾರ ಹಾಕಿಕೊಳ್ಳಿ. ಅಶೋಕ ರಸ್ತೆಯ ಕಡೆ ಸ್ಪೈರಲ್ ಹಾಕಿಕೊಡುತ್ತಾರೆ.

ಜಗಳೂರು ಹುಡುಗಿ

ಆಂಟಿ, ನಾನು ಗೆಂಟ್‌ನಲ್ಲಿ ನಾಲ್ಕು ತಿಂಗಳು ಎಕ್ಸ್‌ಚೇಂಜ್‌ನಲ್ಲಿದ್ದೆ. ಎರಡೇ ಮಾತು.

ಊರಿನ ಯುವಕರೇ ಸೇರಿ ಮಾಡುವ 'ಯೂಸ್ ಇಟ್' ಅನ್ನುವ ನಕ್ಷೆ ಇದೆ, ಪುಕ್ಕಟೆ ಸಿಗುತ್ತೆ, ಜಾಹೀರಾತು ಇಲ್ಲ. ಇಲ್ಲಿ ನಾವು ಕೂತ್ಕೋತೀವಿ, ಇಲ್ಲಿ ಹೋಗಬೇಡಿ ಅಂತ ಅವರೇ ಬರೆದಿರ್ತಾರೆ. ದಪ್ಪ ಪುಸ್ತಕದಲ್ಲಿ ಇಲ್ಲದ್ದು ಅದರಲ್ಲಿರುತ್ತೆ.

ಬೆಗೈನ್ ಹೆಂಗಸರ ಕೇರಿಗಳನ್ನು ತಪ್ಪದೇ ನೋಡಿ. 13ನೇ ಶತಮಾನದಿಂದ ಆ ಸೀಮೆಯಲ್ಲಿ ಹೆಂಗಸರು ಒಟ್ಟಿಗೆ ಸೇರಿ, ಸುತ್ತ ಗೋಡೆ, ನಡುವೆ ಹುಲ್ಲು, ಸಾಲು ಮನೆ ಕಟ್ಟಿಕೊಂಡು ಬದುಕಿದರು. ದೇವರ ದಾರಿ ಹಿಡಿದವರು, ಆದರೆ ಸಂನ್ಯಾಸಿನಿಯರಲ್ಲ. ಜೀವಮಾನದ ವ್ರತ ಇಲ್ಲ, ಬೇಕಾದರೆ ಹೊರಗೆ ಹೋಗಿ ಮದುವೆ ಆಗಬಹುದು, ಆಸ್ತಿ ಅವರದ್ದೇ ಹೆಸರಲ್ಲಿ. ಉಣ್ಣೆ ತೊಳೆದು, ನೇಯ್ದು, ಲೇಸ್ ಹೆಣೆದು ತಮ್ಮ ಅನ್ನ ತಾವೇ ದುಡಿದರು. ಕೊನೆಯ ಬೆಗೈನ್ ಕೋರ್ಟ್ರೈಕ್‌ನಲ್ಲಿ 2013ರಲ್ಲಿ ತೀರಿಕೊಂಡರು. ಕಾಯಕ ಮಾಡುತ್ತಾ ವಚನ ಹೇಳಿದ ಶರಣೆಯರ ಕಥೆ ಕೇಳಿ ಬೆಳೆದ ನನಗೆ ಅಲ್ಲಿ ಹೋಗಿ ಕೂತಾಗ ಅಳು ಬಂತು. ಗೆಂಟ್‌ನ ಚಿಕ್ಕ ಬೆಗೈನ್ ಕೇರಿಗೆ ಬೆಳಿಗ್ಗೆ ಹೋಗಿ, ಜನ ಇರಲ್ಲ.

ಜಾಬರ್ ಮಗಳು, ದಾವಣಗೆರೆ

ಮಗಾ, ಬೆಗೈನ್ ಕೇರಿಗೆ ನಾನು ಮೊದಲ ವಾರದಲ್ಲೇ ಹೋಗುತ್ತೇನೆ.

ಎಲ್ಲರಿಗೂ ಮನಸಾರೆ ವಂದನೆ. ಫ್ಲಾಂಡರ್ಸ್ ಪುಸ್ತಕ ಆರ್ಡರ್ ಮಾಡಿದ್ದೇನೆ. ಹಳೇ ಬೇಡೆಕರ್ ಇಳಿಸಿಕೊಂಡೆ, ಗೆಂಟ್‌ನ ನಕ್ಷೆಯನ್ನು ದೊಡ್ಡದು ಮಾಡಿಸಿ ಪ್ರಿಂಟ್ ಹಾಕಿಸಿದೆ, ಊಟದ ಮೇಜಿನ ಗಾಜಿನ ಕೆಳಗೆ ಇದೆ. ಫ್ರೆಂಚ್ ಹಸಿರು ಪುಸ್ತಕ ಅಲ್ಲೇ ಕೊಳ್ಳುತ್ತಾಳಂತೆ ಮಗಳು. ಸೆಪ್ಟೆಂಬರ್ ಎರಡನೇ ಭಾನುವಾರ ಗೆಂಟ್, ಮೂರನೇ ಶನಿವಾರ ರೂಬೇ, ಇದು ನಿಶ್ಚಯ.

ಹರಿಹರದ ತಮ್ಮಾ, ಒಂದು ಕೊನೇ ಪ್ರಶ್ನೆ. ಮ್ಯೂಸಿಯಂನಲ್ಲಿ ಯಂತ್ರ ನಡೆಸುವವರು ಹಳೇ ಕೆಲಸಗಾರರೇ? ಅಪ್ಪನ ಬಾಬಿನ್ ತರಬೇಕು ಅಂತಿದ್ದೇನೆ. ಅದು ಯಾವ ಫ್ರೇಮಿನದ್ದು ಅಂತ ಇಲ್ಲಿ ಹೇಳಬಲ್ಲವರು ಒಬ್ಬೊಬ್ಬರಾಗಿ ಹೋಗಿಬಿಟ್ಟರು.

ಹೊಳೆದಂಡೆ, ಹರಿಹರ

ಯಾರು ಇರುತ್ತಾರೋ ಆ ದಿನ ನೋಡಬೇಕು ಅಕ್ಕ. ಮಗಳ ಕೈಯಲ್ಲಿ ಮ್ಯೂಸಿಯಂಗೆ ಮೊದಲೇ ಒಂದು ಇಮೇಲ್ ಬರೆಸಿ, ಬಾಬಿನ್‌ನ ಎರಡೂ ತುದಿಯ ಫೋಟೋ, ಉದ್ದದ ಅಳತೆ ಹಾಕಿ. ಯಂತ್ರ ನಡೆಸುವ ದಿನ ಯಾವುದು ಅಂತಲೂ ಅದರಲ್ಲೇ ಕೇಳಿ. ಬಾಬಿನ್ ಕೈಚೀಲದಲ್ಲೇ ಇಟ್ಟುಕೊಳ್ಳಿ, ಲಗೇಜಿಗೆ ಹಾಕಬೇಡಿ.